ಗಾರೆ ಹದಕ್ಕೆ ಬರುವವರೆಗೆ: ಒಂದು ಕಾವಿ ಗೋಡೆ, ಒಂದು ಸಾಕ್ಷ್ಯಚಿತ್ರ, ಇಪ್ಪತ್ತು ತಿಂಗಳು

2024ರ ಜನವರಿಯಲ್ಲಿ ಕೈಹಚ್ಚಿದ ಕೆಲಸ 2025ರ ಆಗಸ್ಟ್ ಕೊನೆಯ ವಾರದಲ್ಲಿ ಮುಗಿಯಿತು. ಕುಮಟಾ ತಾಲೂಕಿನ ಹಿರಿಯ ಕಾವಿ ಕಲಾವಿದರೊಬ್ಬರ ಕುರಿತು ನಾನು ಮಾಡಿದ 58 ನಿಮಿಷಗಳ ಸಾಕ್ಷ್ಯಚಿತ್ರ ಈಗ ಎರಡು ಹಾರ್ಡ್ ಡಿಸ್ಕುಗಳಲ್ಲಿದೆ. ಒಂದು ಶಿರಸಿಯ ನನ್ನ ಮನೆಯ ಕಪಾಟಿನಲ್ಲಿ, ಇನ್ನೊಂದು ಕುಮಟೆಯ ಅಕ್ಕನ ಮನೆಯಲ್ಲಿ. ಎಂಟು ತಿಂಗಳಲ್ಲಿ, 4,20,000 ರೂಪಾಯಿಯೊಳಗೆ ಮುಗಿಸುವುದಾಗಿ ಸಹಾಯಧನದ ಅರ್ಜಿಯಲ್ಲಿ ಬರೆದುಕೊಟ್ಟಿದ್ದೆ. ಹಿಡಿದದ್ದು ಇಪ್ಪತ್ತು ತಿಂಗಳು, ಖರ್ಚಾದದ್ದು 6,58,000 ರೂಪಾಯಿ. ಸಿದ್ದಾಪುರದ ಕಡೆ ಹಸೆ ಚಿತ್ತಾರ ಬರೆಯುವ ದೀವರ ಹೆಣ್ಣುಮಕ್ಕಳ ಬಗ್ಗೆ ಚಿತ್ರ ಮಾಡಬೇಕೆಂದಿರುವ ಒಬ್ಬ ಹುಡುಗಿ, ಅಂಕೋಲೆಯ ಮಣ್ಣಿನ ಗಣಪತಿ ಮಾಡುವವರ ಬಗ್ಗೆ ಮಾಡಬೇಕೆಂದಿರುವ ಒಬ್ಬ ಹುಡುಗ, ಇಬ್ಬರೂ ಈಚೆಗೆ ನನ್ನನ್ನು ಕೇಳಿದ ಪ್ರಶ್ನೆ ಒಂದೇ: ಎಲ್ಲಿಂದ ಶುರುಮಾಡಬೇಕು? ಅವರಿಗೆ ಫೋನಿನಲ್ಲಿ ಅರ್ಧಂಬರ್ಧ ಹೇಳಿದ್ದನ್ನು ಇಲ್ಲಿ ಕ್ರಮವಾಗಿ ಬರೆಯುತ್ತಿದ್ದೇನೆ.

ನಾನು ಮೂಲತಃ ಬರೆಯುವವಳು. ಪತ್ರಿಕೆಗಳಿಗೆ ಕಲಾವಿದರ ವ್ಯಕ್ತಿಚಿತ್ರ ಬರೆದುಕೊಂಡಿದ್ದವಳು ಕ್ಯಾಮೆರಾದ ಸಹವಾಸಕ್ಕೆ ಬಿದ್ದದ್ದು ಬರವಣಿಗೆ ಒಂದು ಕಡೆ ಕೈಕೊಟ್ಟಾಗ. ಶಿರಸಿಯ ಗುಡಿಗಾರರೊಬ್ಬರು ಬೆಂಡಿನ ತುಂಡನ್ನು ಚೂರಿಯ ಅಲಗಿಗೆ ಒತ್ತಿ ಹೊರಳಿಸುತ್ತ ಕಾಗದಕ್ಕಿಂತ ತೆಳ್ಳಗಿನ ಸುರುಳಿ ಬಿಡಿಸುವುದನ್ನು ಮೂರು ಪುಟ ವರ್ಣಿಸಿ ಬರೆದೆ. ಓದಿದವರೆಲ್ಲ ಚೆನ್ನಾಗಿದೆ ಎಂದರು. ಬೆಂಡು ಹೇಗೆ ತಿರುಗುತ್ತದೆ ಎಂದು ಮಾತ್ರ ಒಬ್ಬರಿಗೂ ತಿಳಿದಿರಲಿಲ್ಲ. 2013ರಲ್ಲಿ ಅದೇ ಗುಡಿಗಾರರು ಬಾಸಿಂಗ ಕಟ್ಟುವುದನ್ನು ಚಿತ್ರೀಕರಿಸಿದ್ದು ನನ್ನ ಮೊದಲ ಸಾಕ್ಷ್ಯಚಿತ್ರ. 2018ರಲ್ಲಿ ಕಾರವಾರದ ಒಬ್ಬ ನಿವೃತ್ತ ಚಿತ್ರಕಲಾ ಶಿಕ್ಷಕರ ಜಲವರ್ಣ ಚಿತ್ರಗಳ ಬಗ್ಗೆ ಎರಡನೆಯದು. ಎರಡರಿಂದಲೂ ಹೊಟ್ಟೆ ತುಂಬಲಿಲ್ಲ. ತುಂಬುತ್ತದೆಂದು ನಂಬಿ ಯಾರೂ ಈ ದಾರಿಗೆ ಇಳಿಯಬಾರದು. ನಾನು ಈಗಲೂ ಅನುವಾದ ಮತ್ತು ಪಠ್ಯಪುಸ್ತಕ ತಿದ್ದುವ ಕೆಲಸದಿಂದ ಬದುಕುತ್ತೇನೆ.

ಕಾವಿ ಕಲೆಯನ್ನು ನೋಡದವರಿಗೆ ಎರಡು ಮಾತು. ಗೋವೆಯಿಂದ ನಮ್ಮ ಕರಾವಳಿಯವರೆಗಿನ ಕೊಂಕಣ ಪಟ್ಟಿಯ ದೇವಸ್ಥಾನಗಳಲ್ಲಿ, ಹಳೆಯ ಮನೆಗಳಲ್ಲಿ ಬಿಳಿ ಗೋಡೆಯ ಮೇಲೆ ಕೆಂಪಿನಲ್ಲಿ ಕಾಣುವ ದೇವರು, ಬಳ್ಳಿ, ಗಿಳಿ, ಆನೆಗಳ ಕೆಲಸವದು. ದೂರದಿಂದ ಬಣ್ಣದ ಚಿತ್ರದಂತೆ ತೋರಿದರೂ ಅಲ್ಲಿ ಕುಂಚ ಮುಟ್ಟಿರುವುದಿಲ್ಲ. ಬಿಳಿ ಗಾರೆಯ ಮೇಲೆ ಹುರಮಂಜಿ ಎಂಬ ಕೆಮ್ಮಣ್ಣು ಬೆರೆಸಿದ ಕೆಂಪು ಗಾರೆಯ ತೆಳುವಾದ ಪದರ ಎಳೆದು, ಅದು ಹಸಿಯಿರುವಾಗಲೇ ಕಂಟವೆಂಬ ಉಕ್ಕಿನ ಚೂಪು ಕಡ್ಡಿಯಿಂದ ಬೇಡವಾದಷ್ಟು ಕೆಂಪನ್ನು ಕೆರೆದು ತೆಗೆಯುತ್ತಾರೆ. ಕೆಳಗಿನ ಬಿಳಿ ಕಾಣಿಸಿಕೊಂಡಲ್ಲಿ ಹಿನ್ನೆಲೆ, ಉಳಿದ ಕೆಂಪೇ ಚಿತ್ರ. ಸುಣ್ಣ ಗಾಳಿಯನ್ನು ಕುಡಿದು ಮತ್ತೆ ಕಲ್ಲಾಗುವಾಗ ಕೆಂಪನ್ನೂ ತನ್ನೊಳಗೆ ಹಿಡಿದುಕೊಳ್ಳುವುದರಿಂದ ಅದು ಮಳೆಗಾಲಗಳನ್ನು ತಡೆದು ನಿಲ್ಲುತ್ತದೆ. ಹೊನ್ನಾವರದವರಾದ ಕೃಷ್ಣಾನಂದ ಕಾಮತರು (1934–2002) ಊರೂರು ಅಲೆದು ಈ ಗೋಡೆಗಳ ಚಿತ್ರ ತೆಗೆದು, ಬರೆದಿಡದೆ ಹೋಗಿದ್ದರೆ ಇವತ್ತು ನಮಗೆ ಕಾವಿಯ ಬಗ್ಗೆ ತಿಳಿದಿರುವುದರಲ್ಲಿ ದೊಡ್ಡ ಪಾಲು ಇರುತ್ತಿರಲಿಲ್ಲ. ಗೋಡೆಗಳನ್ನು ಅವರು ದಾಖಲಿಸಿದ್ದರು. ಗೋಡೆ ಮಾಡುವ ಕೈಯನ್ನು ದಾಖಲಿಸುವುದು ನನ್ನ ಉದ್ದೇಶವಾಗಿತ್ತು.

ಆ ಕೈ 74 ವರ್ಷದ ಒಬ್ಬ ಹಿರಿಯರದು. ಊರವರಿಗೆ ಅವರು ಮೇಸ್ತ್ರಿ. ನಾನೂ ಹಾಗೆಯೇ ಕರೆದೆ. ಅರ್ಧ ಆಯುಷ್ಯ ಸಿಮೆಂಟಿನ ಕೆಲಸ ಮಾಡಿದವರು, ತಂದೆಯಿಂದ ಕಲಿತ ಕಾವಿಯನ್ನು ಯಾರಾದರೂ ಕೇಳಿದಾಗ ಮಾತ್ರ ಮಾಡುತ್ತಿದ್ದವರು. ಜನವರಿಯಲ್ಲಿ ಅವರು ನನ್ನನ್ನು ತಮ್ಮ ತಂದೆ ಕೆಲಸ ಮಾಡಿದ್ದ ಒಂದು ಸಣ್ಣ ದೇವಸ್ಥಾನಕ್ಕೆ ಕರೆದೊಯ್ದರು. ಹೊರಗೋಡೆಯ ಮೇಲೆ ಆಳೆತ್ತರದ ಒಂದು ಹೂಕುಂಭ, ಎರಡು ಕಡೆ ಗಿಳಿ. ಎಡಗಡೆಯ ಗಿಳಿಯ ರೆಕ್ಕೆಯಲ್ಲಿ ಒಂದು ಗೆರೆ ಮಾತ್ರ ಅಂಕುಡೊಂಕು. ಹನ್ನೆರಡು ವರ್ಷದ ಹುಡುಗನಾಗಿ ತಾವು ಎಳೆದ ಗೆರೆ ಅದು ಎಂದು ಮೇಸ್ತ್ರಿಗಳು ಬೆರಳಿಟ್ಟು ತೋರಿಸಿದರು. ಚಿತ್ರದ ಆರಂಭ ಸಿಕ್ಕಿತು ಎಂದು ನಾನು ಹಿಗ್ಗಿದೆ. ಫೋನಿನಲ್ಲಿ ನಾಲ್ಕು ಫೋಟೊ ತೆಗೆದುಕೊಂಡೆ. ಒಳ್ಳೆಯ ಕ್ಯಾಮೆರಾ, ಒಳ್ಳೆಯ ಬೆಳಕು, ಲಿಖಿತ ಅನುಮತಿ ಎಲ್ಲವನ್ನೂ ಹೊಂದಿಸಿಕೊಂಡು ಬೇಸಿಗೆಯಲ್ಲಿ ಬರೋಣವೆಂದು ಹಿಂದಿರುಗಿದೆ.

ಅನುಮತಿಗಳ ಓಡಾಟ ಫೆಬ್ರುವರಿಯಲ್ಲಿ ಆರಂಭವಾಯಿತು. ಸಾರ್ವಜನಿಕರು ಹೋಗಿಬರುವ ಜಾಗದಲ್ಲಿ ಶಾಶ್ವತವಾಗಿ ಇರುವ ಕಲಾಕೃತಿಯನ್ನು ಚಲನಚಿತ್ರದಲ್ಲಿ ಸೇರಿಸಿಕೊಳ್ಳುವುದು 1957ರ ಕೃತಿಸ್ವಾಮ್ಯ ಕಾಯ್ದೆಯ 52ನೇ ಕಲಮಿನಂತೆ ಉಲ್ಲಂಘನೆಯಲ್ಲ. ಆದರೆ ಕಾಯ್ದೆಯ ಪುಟ ಹಿಡಿದುಕೊಂಡು ದೇವಸ್ಥಾನದ ಬಾಗಿಲಲ್ಲಿ ನಿಂತರೆ ಯಾರೂ ಟ್ರೈಪಾಡು ಇಡಲು ಬಿಡುವುದಿಲ್ಲ, ಬಿಡಬೇಕಾಗಿಯೂ ಇಲ್ಲ. ಆಡಳಿತ ಮಂಡಳಿಗೆ ಕನ್ನಡದಲ್ಲಿ ಒಂದು ಪುಟದ ಅರ್ಜಿ ಕೊಡಿ: ಯಾವ ಗೋಡೆ, ಎಷ್ಟು ಜನ, ಎಷ್ಟು ಹೊತ್ತು, ದೀಪ ಬಳಸುತ್ತೀರಾ, ಗರ್ಭಗುಡಿಯತ್ತ ಕ್ಯಾಮೆರಾ ತಿರುಗಿಸುವುದಿಲ್ಲ ಎಂಬ ಒಂದು ವಾಕ್ಯ. ಸ್ವೀಕೃತಿಯ ಸಹಿ ಹಾಕಿಸಿಕೊಂಡ ಪ್ರತಿ ನಿಮ್ಮ ಚೀಲದಲ್ಲಿ ಯಾವಾಗಲೂ ಇರಲಿ. ಅರ್ಜಿ ಪಡೆದವರೇ ಚಿತ್ರೀಕರಣದ ದಿನ ಊರಿನಲ್ಲಿ ಇರುವುದಿಲ್ಲ.

ಶಿರಸಿಯ ಮಾರಿಕಾಂಬಾ ದೇವಸ್ಥಾನದ ಪ್ರಾಕಾರದ ಕಾವಿ ಚಿತ್ರಗಳೂ ನನಗೆ ಬೇಕಿದ್ದವು. ಮನೆಯಿಂದ ಹತ್ತು ನಿಮಿಷದ ದಾರಿ, ಚಿಕ್ಕಂದಿನಿಂದ ನೋಡಿದ ಗೋಡೆ. ಅದನ್ನು ಮಾರ್ಚ್‌ನಲ್ಲಿ ಮುಗಿಸಿಬಿಡುವುದೆಂದು ವೇಳಾಪಟ್ಟಿಯಲ್ಲಿ ಬರೆದಿದ್ದೆ. ಶಿರಸಿಯವಳಾಗಿ ಇಂಥ ತಪ್ಪು ಮಾಡಿದ್ದಕ್ಕೆ ಅಕ್ಕ ಇವತ್ತಿಗೂ ನಗುತ್ತಾಳೆ. ಅದು ಜಾತ್ರೆಯ ವರ್ಷ. ಎರಡು ವರ್ಷಕ್ಕೊಮ್ಮೆ ದೇವಿ ರಥವೇರಿ ಬಿಡಕಿಬೈಲಿನ ಗದ್ದುಗೆಗೆ ಹೋದಮೇಲೆ ಪುನಃ ಪ್ರತಿಷ್ಠೆಯಾಗುವುದು ಯುಗಾದಿಗೆ. 2024ರಲ್ಲಿ ಯುಗಾದಿ ಬಂದದ್ದು ಏಪ್ರಿಲ್ 9ಕ್ಕೆ. ಹೀಗೆ ಬಾಡಿಗೆಗೆ ಗೊತ್ತುಮಾಡಿದ್ದ ಕ್ಯಾಮೆರಾದ ಮುಂಗಡ ಹೋಯಿತು. ಏಪ್ರಿಲ್ ಕೊನೆಯಲ್ಲಿ ಎರಡು ದಿನ ಚಿತ್ರೀಕರಿಸಿದೆವು. ಕಲಾವಿದರ ಚಿತ್ರ ಮಾಡುವವರು ಪಂಚಾಂಗವನ್ನೂ ಊರಿನ ಹಬ್ಬಗಳ ಪಟ್ಟಿಯನ್ನೂ ಬಜೆಟ್ಟಿಗಿಂತ ಮೊದಲು ಮುಂದಿಟ್ಟುಕೊಳ್ಳಬೇಕು.

ಆ ಎರಡು ದಿನಗಳಲ್ಲಿ ಬೆಳಕಿನ ಪಾಠವೂ ಆಯಿತು. ಕಾವಿ ಗೋಡೆಗೆ ಎದುರಿನಿಂದ ಬೆಳಕು ಬಿಟ್ಟರೆ ಅದು ಮುದ್ರಿಸಿದ ಬಟ್ಟೆಯಂತೆ ಸಪಾಟಾಗುತ್ತದೆ, ಬಿಳಿಯೆಲ್ಲ ಸುಟ್ಟುಹೋಗುತ್ತದೆ. ಗೋಡೆಯನ್ನು ಸವರಿಕೊಂಡು ಪಕ್ಕದಿಂದ ಬೀಳುವ ಓರೆ ಬೆಳಕಿನಲ್ಲಿ ಮಾತ್ರ ಕೆಂಪಿಗೆ ಒಂದು ಕೂದಲೆಳೆಯಷ್ಟು ದಪ್ಪವಿದೆ, ಕೆರೆದ ಗೆರೆಗೆ ಅಂಚಿದೆ ಎಂದು ಕಾಣುತ್ತದೆ.

ಮೇ ಎರಡನೆಯ ವಾರ ತಂಡವನ್ನು ಕಟ್ಟಿಕೊಂಡು, ಅನುಮತಿಪತ್ರವನ್ನೂ ಹಿಡಿದುಕೊಂಡು ಆ ಸಣ್ಣ ದೇವಸ್ಥಾನಕ್ಕೆ ಹೋದಾಗ ಗೋಡೆ ಇರಲಿಲ್ಲ. ಜೀರ್ಣೋದ್ಧಾರಕ್ಕೆ ಕೈಹಾಕಿದ್ದರು. ಹಳೆಯ ಗಾರೆಯನ್ನು ಕೆಡವಿ ಹೊಸ ಗೋಡೆಗೆ ಸಿಮೆಂಟು ಬಳಿದಾಗಿತ್ತು, ಅರ್ಧದವರೆಗೆ ಗ್ರಾನೈಟ್ ಹಾಸೂ ಕುಳಿತಿತ್ತು. ಅನುಮತಿ ಕೊಟ್ಟವರಿಗೆ ನಾನು ಕೇಳಿದ್ದು ದೇವಸ್ಥಾನದ ಚಿತ್ರ ಎಂದು ಗೊತ್ತಿತ್ತೇ ಹೊರತು ಗೋಡೆಯದ್ದೆಂದು ಹೊಳೆದಿರಲಿಲ್ಲ. ಹೊಸದಾಗಿದೆಯಲ್ಲ, ಇನ್ನೂ ಚೆನ್ನಾಗಿ ಬರುತ್ತದೆ ಎಂದು ಅವರು ಪ್ರೀತಿಯಿಂದಲೇ ಹೇಳಿದರು. ಅವರ ಮೇಲೆ ಸಿಟ್ಟಾಗಲು ನನಗೆ ಬಾಯಿ ಬರಲಿಲ್ಲ. ಮೇಸ್ತ್ರಿಗಳು ಮಾತನಾಡದೆ ಹಿಂಬದಿಯ ಅವಶೇಷದ ರಾಶಿಯ ಬಳಿ ಕುಕ್ಕರುಗಾಲಿನಲ್ಲಿ ಕುಳಿತು ಒಂದೊಂದೇ ಹೆಂಟೆಯನ್ನು ತಿರುವಿ ನೋಡತೊಡಗಿದರು. ಅಂಗೈಯಗಲದ ಒಂದು ತುಂಡು ಸಿಕ್ಕಿತು, ಅದರಲ್ಲಿ ರೆಕ್ಕೆಯ ಮೂರು ಗೆರೆ. ಉಗುರಿನಿಂದ ಅದರ ಅಂಚನ್ನು ಕೆರೆದು ನೋಡಿ, “ಸುಣ್ಣ ಇನ್ನೂ ಗಟ್ಟಿ ಇತ್ತು” ಎಂದರು. ಅಷ್ಟೇ. ಕ್ಯಾಮೆರಾಮನ್ ನನ್ನ ಮುಖ ನೋಡಿದ. ತೆಗೆಯಬೇಡವೆಂದು ನಾನು ಕೈ ಆಡಿಸಿದೆ. ಆ ಹೊತ್ತನ್ನು ಚಿತ್ರೀಕರಿಸಬೇಕಿತ್ತೋ ಏನೋ ಎಂದು ಸಂಕಲನದ ಮೇಜಿನಲ್ಲಿ ಎಷ್ಟೋ ಸಲ ಅನ್ನಿಸಿದೆ, ಆದರೂ ಕೈ ಆಡಿಸಿದ್ದಕ್ಕೆ ಪಶ್ಚಾತ್ತಾಪವಿಲ್ಲ. ಪಶ್ಚಾತ್ತಾಪವಿರುವುದು ಜನವರಿಯ ಬಗ್ಗೆ. ನೋಡಿದ ದಿನವೇ, ಕೈಯಲ್ಲಿದ್ದ ಫೋನಿನಲ್ಲಿಯೇ ಆ ಗೋಡೆಯನ್ನು ಇಂಚಿಂಚಾಗಿ ವಿಡಿಯೊ ಮಾಡಿಕೊಳ್ಳಬೇಕಿತ್ತು. ಚಿತ್ರದಲ್ಲಿ ಈಗ ಇರುವುದು ಆ ನಾಲ್ಕು ಫೋಟೊಗಳು ಮಾತ್ರ.

ಒಪ್ಪಿಗೆ ಪತ್ರದ ವಿಷಯವನ್ನು ಸ್ವಲ್ಪ ವಿವರವಾಗಿಯೇ ಹೇಳುತ್ತೇನೆ, ಏಕೆಂದರೆ ಹಿಂದಿನ ಎರಡು ಚಿತ್ರಗಳಲ್ಲಿ ನಾನು ಎಡವಿದ್ದು ಇಲ್ಲಿಯೇ. 2013ರಲ್ಲಿ ಗುಡಿಗಾರರಿಂದ ಬರೆಸಿಕೊಂಡ ಪತ್ರದಲ್ಲಿ ಅವರ ಕೃತಿಗಳನ್ನು ಚಿತ್ರದಲ್ಲಿ ಬಳಸುವ ಹಕ್ಕು ನನ್ನದು ಎಂದಿತ್ತು. ಎಷ್ಟು ಕಾಲ, ಎಲ್ಲೆಲ್ಲಿ ಎಂದಿರಲಿಲ್ಲ. ಅವಧಿ ಬರೆಯದಿದ್ದರೆ ಕಾಯ್ದೆ ಅದನ್ನು ಐದು ವರ್ಷವೆಂದೂ, ಪ್ರದೇಶ ಬರೆಯದಿದ್ದರೆ ಭಾರತಕ್ಕಷ್ಟೇ ಸೀಮಿತವೆಂದೂ ಭಾವಿಸುತ್ತದೆ ಎಂಬುದು ವರ್ಷಗಳ ನಂತರ ಹೊರದೇಶದ ಒಂದು ಪ್ರದರ್ಶನಕ್ಕೆ ಕಾಗದ ಕಳಿಸುವಾಗ ತಿಳಿಯಿತು. ಕಾರವಾರದ ಶಿಕ್ಷಕರ ಚಿತ್ರದಲ್ಲಿ ತೊಡಕು ಬೇರೆ ಬಗೆಯದು. ಅವರ ಜಲವರ್ಣಗಳು ನೆಂಟರಿಷ್ಟರ, ಹಳೆಯ ವಿದ್ಯಾರ್ಥಿಗಳ ಮನೆಗಳಲ್ಲಿ ಹಂಚಿಹೋಗಿದ್ದವು. ಗೋಡೆಯ ಮೇಲೆ ತೂಗುಹಾಕಿಕೊಂಡವರು ಅನುಮತಿ ಕೊಟ್ಟರೆ ಸಾಕೆಂದು ನಾನು ತಿಳಿದಿದ್ದೆ. ಚಿತ್ರವನ್ನು ಕೊಂಡವರಿಗೆ ಅದರ ಕೃತಿಸ್ವಾಮ್ಯ ತಾನಾಗಿ ಬರುವುದಿಲ್ಲ. ಅದು ಕಲಾವಿದನದು, ಅವನ ನಂತರ 60 ವರ್ಷ ವಾರಸುದಾರರದು. ಚಿತ್ರೀಕರಣದ ನಡುವೆಯೇ ಶಿಕ್ಷಕರು ತೀರಿಕೊಂಡರು. ಅವರ ಮೂವರು ಮಕ್ಕಳ ಸಹಿಗಾಗಿ ಮುಂಬಯಿ, ಮಡಗಾಂವ್, ಹುಬ್ಬಳ್ಳಿ ಸುತ್ತಿದ್ದು ಚಿತ್ರ ತೆಗೆದುದಕ್ಕಿಂತ ಹೆಚ್ಚು ದಿನ.

ಈ ಸಲ ಎರಡು ಪುಟದ ಪತ್ರವನ್ನು ಸರಳ ಕನ್ನಡದಲ್ಲಿ ಬರೆದು, ಪರಿಚಯದ ವಕೀಲರಿಗೆ ತೋರಿಸಿ, ಮೇಸ್ತ್ರಿಗಳಿಗೆ ಗಟ್ಟಿಯಾಗಿ ಓದಿ ಹೇಳಿ ಸಹಿ ಪಡೆದೆ. ಅವಧಿ, ಪ್ರದೇಶ, ಗೌರವಧನ, ಮುಂದೆ ಚಿತ್ರದಿಂದ ಹಣ ಬಂದರೆ ಅವರ ಪಾಲು, ಮತ್ತು ಅಂತಿಮಗೊಳಿಸುವ ಮೊದಲು ಅವರಿಗೆ ತೋರಿಸುತ್ತೇನೆ ಎಂಬ ಮಾತು, ಇಷ್ಟೂ ಅದರಲ್ಲಿದ್ದವು. ಸಹಿಯಾದ ಮೂರನೆಯ ದಿನ ಅವರ ಮಗ ಫೋನು ಮಾಡಿ, ಅಪ್ಪನ ಕೈಕೆಲಸವನ್ನು ಯೂಟ್ಯೂಬಿಗೆ ಹಾಕಿ ನೀವು ದುಡ್ಡು ಮಾಡುತ್ತೀರಂತೆ ಎಂದು ಕೇಳಿದರು. ನೋವಾಯಿತು, ಆದರೆ ಪ್ರಶ್ನೆ ನ್ಯಾಯವಾದದ್ದೇ. ಮತ್ತೆ ಹೋಗಿ ಮನೆಯವರೆಲ್ಲರ ಎದುರು ಪತ್ರ ಓದಿದೆ. ಮೊದಲ ಸಲವೇ ಹಾಗೆ ಮಾಡಿದ್ದರೆ ಒಂದು ತಿಂಗಳ ಮುನಿಸು ತಪ್ಪುತ್ತಿತ್ತು.

ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಗಾರೆಯ ಕೆಲಸ ಆಗುವುದಿಲ್ಲ, ನಮ್ಮ ಮಳೆಯಲ್ಲಿ ಸುಣ್ಣ ಒಣಗುವುದಿಲ್ಲ. ಆ ತಿಂಗಳುಗಳಲ್ಲಿ ಮೇಸ್ತ್ರಿಗಳ ಮಾತನ್ನು ಧ್ವನಿಮುದ್ರಿಸಿಕೊಳ್ಳೋಣವೆಂದರೆ ಹೆಂಚಿನ ಮೇಲಿನ ಮಳೆಯ ಸದ್ದು. 2024ರ ಜುಲೈ 16ರಂದು ಅಂಕೋಲಾ ತಾಲೂಕಿನ ಶಿರೂರಿನಲ್ಲಿ ಗುಡ್ಡ ಕುಸಿದು ಹೆದ್ದಾರಿಯೇ ಮುಚ್ಚಿಹೋಯಿತು. ಆಗಸ್ಟ್ 7ರ ನಡುರಾತ್ರಿ ಕಾರವಾರದಲ್ಲಿ ಕಾಳಿ ನದಿಯ ಹಳೆಯ ಸೇತುವೆ ಮುರಿದುಬಿತ್ತು. ನಮ್ಮ ಧ್ವನಿಗ್ರಾಹಕ ಗೋವೆಯಿಂದ ಬರಬೇಕಾದವನು. ಜನ ಜೀವ ಕಳೆದುಕೊಂಡ ಆ ದಿನಗಳಲ್ಲಿ ಚಿತ್ರೀಕರಣದ ಮಾತೆತ್ತಲು ಸಂಕೋಚವಾಗಿ ಎಲ್ಲವನ್ನೂ ದೀಪಾವಳಿಯ ಆಚೆಗೆ ತಳ್ಳಿದೆ. ಮಳೆಗಾಲದಲ್ಲಿ ಲೆನ್ಸುಗಳನ್ನು ಸಿಲಿಕಾ ಜೆಲ್ ಚೀಲಗಳೊಂದಿಗೆ ಗಾಳಿಯಾಡದ ಡಬ್ಬದಲ್ಲಿ ಇಡಬೇಕು. ನನ್ನ ಸ್ವಂತದ ಒಂದೇ ಲೆನ್ಸಿಗೆ ಬೂಷ್ಟು ಹಿಡಿದು 3,500 ರೂಪಾಯಿ ಹೋಯಿತು. ಕಾರವಾರದ ಕಡಲನ್ನು ಡ್ರೋನಿನಿಂದ ತೆಗೆಯುವ ಆಸೆಯನ್ನೂ ಆಗಲೇ ಬಿಟ್ಟೆ. ನೌಕಾನೆಲೆಯ ಆಸುಪಾಸಿನ ಆಕಾಶ ಕೆಂಪು ವಲಯ, ಅಲ್ಲಿ ಕೇಂದ್ರ ಸರ್ಕಾರದ ಅನುಮತಿಯಿಲ್ಲದೆ ಹಾರಿಸುವಂತಿಲ್ಲ. ಗೋಡೆಯ ಚಿತ್ರಕ್ಕೆ ಆಕಾಶದ ನೋಟ ಬೇಕಿರಲಿಲ್ಲ ಎಂಬುದು ಅರ್ಜಿಯ ನಮೂನೆ ತುಂಬುವಾಗಲಷ್ಟೇ ಹೊಳೆಯಿತು.

ಅಕ್ಟೋಬರ್‌ನಲ್ಲಿ ಮೇಸ್ತ್ರಿಗಳು ತಮ್ಮ ಮನೆಯ ಜಗುಲಿಯ ಗೋಡೆಯನ್ನು ಚಿತ್ರಕ್ಕೆ ಕೊಟ್ಟರು, ನಾಲ್ಕು ಅಡಿ ಅಗಲ, ಮೂರು ಅಡಿ ಎತ್ತರ. ಹೋದ ಗೋಡೆಯ ಕುಂಭವನ್ನೂ ಗಿಳಿಗಳನ್ನೂ ಅಲ್ಲಿ ಮತ್ತೆ ಮಾಡುವುದೆಂದು ಅವರೇ ನಿಶ್ಚಯಿಸಿದರು. ಅಘನಾಶಿನಿ ಅಳಿವೆಯ ಬಳಚಿನ ಚಿಪ್ಪು ಸುಟ್ಟ ಸುಣ್ಣವನ್ನು ಅರಳಿಸಿ, ತೊಳೆದ ಹೊಳೆಮರಳು ಮತ್ತು ಬೆಲ್ಲದ ನೀರು ಕೂಡಿಸಿ ಎರಡು ವಾರ ನೆನೆಹಾಕಿದರು. ಆಮೇಲೆ ಅದನ್ನು ಒರಳಿನಲ್ಲಿ ಕುಟ್ಟುವುದು. ಬೆಳಗಿನಿಂದ ಸಂಜೆಯವರೆಗೆ ಮಗನೂ ಮೊಮ್ಮಗನೂ ಸರದಿಯಲ್ಲಿ ಕುಟ್ಟಿದರೂ ಮೇಸ್ತ್ರಿಗಳು ಎರಡು ಬೆರಳ ನಡುವೆ ಉಜ್ಜಿ ನೋಡಿ ತಲೆಯಾಡಿಸುತ್ತಲೇ ಇದ್ದರು. ಬೆಣ್ಣೆಯಂತೆ ಜಾರಬೇಕು, ಆದರೆ ಬೆರಳು ಬಿಟ್ಟಾಗ ಅಂಟಿನ ಎಳೆ ಬರಬೇಕು.

ಮೊದಲ ಗೋಡೆಯನ್ನು ಕೆಡಿಸಿದವಳು ನಾನೇ. ಬೆಳಗ್ಗೆ ಆರಕ್ಕೆ ಬಿಳಿ ಗಾರೆ ಎಳೆದು, ಎಂಟರ ಹೊತ್ತಿಗೆ ಕೆಂಪಿನ ಪದರ ಹಾಕಿ, ನಯವಾದ ಕಲ್ಲಿನಿಂದ ಉಜ್ಜಿ ಅವರು ಸಿದ್ಧವಾದರು. ಕ್ಯಾಮೆರಾದ ಒಂದು ಕಾರ್ಡು ತೊಂದರೆ ಕೊಟ್ಟಿತು, ಮೋಡ ಮುಸುಕಿತು. ಇನ್ನೊಂದು ತಾಸು ತಡೆಯಲಾಗುತ್ತದೆಯೇ ಎಂದು ಕೇಳಿದೆ. ಅವರು ತಡೆದರು. ತಾಸು ಎರಡೂವರೆ ತಾಸಾಯಿತು. ಕಂಟ ಇಟ್ಟಾಗ ಕೆಂಪು ನಾಜೂಕಾಗಿ ಏಳದೆ ಹೊಪ್ಪಳೆಯಾಗಿ ಎದ್ದು, ಗಿಳಿಯ ಕೊಕ್ಕು ಮುರಿದುಬಿತ್ತು. ಅವರು ಬೈಯಲಿಲ್ಲ. ಕರಣೆ ತೆಗೆದುಕೊಂಡು ಇಡೀ ಗೋಡೆಯನ್ನು ಹೆರೆದು ಹಾಕಿ, ಕೈ ತೊಳೆದು ಬಂದು, “ಸುಣ್ಣ ನಿನ್ನ ಬೆಳಕು ಕಾಯ್ತದೆಯಾ ತಂಗಿ?” ಎಂದರು. ಮತ್ತೆ ಎರಡು ವಾರ ಸುಣ್ಣ ನೆನೆಯಬೇಕಾಯಿತು. ತಂಡದ ಒಂದು ದಿನದ ಕೂಲಿ, ಬಾಡಿಗೆ ಎಲ್ಲ ಸೇರಿ 16,000 ರೂಪಾಯಿ ಅಂದಿನ ಲೆಕ್ಕ. ಕಲಾವಿದರು ಸೌಜನ್ಯಕ್ಕೆ ನಮ್ಮ ಮಾತು ಕೇಳುತ್ತಾರೆ, ಅವರ ವಸ್ತು ಕೇಳುವುದಿಲ್ಲ. ಹಸೆಗೆ ಅಕ್ಕಿಹಿಟ್ಟು ಕಲಸುವವರೊಂದಿಗೆ, ಗಣಪತಿಯ ಮಣ್ಣು ಮಿದಿಯುವವರೊಂದಿಗೆ ಚಿತ್ರ ಮಾಡುವವರು ಮೊದಲು ಒಮ್ಮೆ ಕ್ಯಾಮೆರಾ ಇಲ್ಲದೆ ಇಡೀ ದಿನ ಕುಳಿತು, ಯಾವ ಹೊತ್ತಿನಲ್ಲಿ ತಡೆಯಬಹುದು, ಯಾವ ಹೊತ್ತಿನಲ್ಲಿ ತಡೆಯಲಾಗದು ಎಂದು ಗುರುತುಹಾಕಿಕೊಳ್ಳಿ.

ಎರಡನೆಯ ಸಲ, ನವೆಂಬರ್ ಕೊನೆಯಲ್ಲಿ, ಎರಡು ಕ್ಯಾಮೆರಾ ಇಟ್ಟು, ಯಾವುದನ್ನೂ ನಿಲ್ಲಿಸದೆ, ಯಾರೂ ಏನನ್ನೂ ಹೇಳದೆ ಚಿತ್ರೀಕರಿಸಿದೆವು. ಮೂಡಣಕ್ಕೆ ತೆರೆದ ಜಗುಲಿಯಾದ್ದರಿಂದ ಬೆಳಗಿನ ಬಿಸಿಲು ತಾನಾಗಿಯೇ ಓರೆಯಾಗಿ ಬಿತ್ತು. ಕೈವಾರದಿಂದ ಕುಂಭದ ಹೊಟ್ಟೆಯ ವೃತ್ತ, ದಾರ ಹಿಡಿದು ನಡುಗೆರೆ, ಉಳಿದದ್ದೆಲ್ಲ ಕೈಬರಹ. ತಾಳೆಗರಿಯಲ್ಲಿ ಬರೆಯುತ್ತಿದ್ದಂಥದ್ದೇ ಕಂಟ. ಸಣ್ಣ ಮೈಕನ್ನು ಗೋಡೆಗೆ, ಚಿತ್ರದ ಅಂಚಿನಾಚೆ ಅಂಟಿಸಿದ್ದೆವು. ಹೆಡ್‌ಫೋನಿನಲ್ಲಿ ಕಂಟದ ಸದ್ದು ಒಣ ಎಲೆಯ ಮೇಲೆ ಹುಳ ಹರಿದಂತೆ ಕೇಳುತ್ತಿತ್ತು. ಕೆರೆದಾಗ ಏಳುವ ಕೆಂಪು ಪುಡಿಯನ್ನು ಅವರು ಕೈಯಿಂದ ಒರೆಸದೆ ಬಾಯಿಂದ ಮೆಲ್ಲಗೆ ಊದುತ್ತಿದ್ದರು, ಆ ಪುಡಿ ಅವರ ಬಿಳಿ ರೆಪ್ಪೆಗಳ ಮೇಲೆ ಕೂರುತ್ತಿತ್ತು. ಎಡಗಿಳಿಯ ರೆಕ್ಕೆಗೆ ಬಂದಾಗ ಹಳೆಯ ಅಂಕುಡೊಂಕು ಗೆರೆಯನ್ನು ಹಾಕುತ್ತಾರೋ ಎಂದು ನಾನು ಕಾದೆ. ಅವರು ಕಂಟವನ್ನು ಹನ್ನೊಂದು ವರ್ಷದ ಮೊಮ್ಮಗನ ಕೈಗೆ ಕೊಟ್ಟರು. ಮಧ್ಯಾಹ್ನ ಎರಡಕ್ಕೆ ಮುಗಿಯಿತು. ಆಮೇಲೆ ದಿನಕ್ಕೆ ಹಲವು ಸಲ ನೀರು ಚಿಮುಕಿಸುವುದು. ಅದಕ್ಕೆ ನಾವು ಎರಡು ದಿನ ಮಾತ್ರ ಉಳಿದೆವು.

ಹಣದ ಕಥೆಯನ್ನು ಬೇಗ ಮುಗಿಸುತ್ತೇನೆ. ಒಟ್ಟು 19 ದಿನದ ಚಿತ್ರೀಕರಣ. ಕ್ಯಾಮೆರಾ ಬಾಡಿಗೆ, ಛಾಯಾಗ್ರಹಣ ಮತ್ತು ಧ್ವನಿಯವರ ಸಂಭಾವನೆ ಸೇರಿ 3,04,000. ಪ್ರಯಾಣ, ಊಟ, ವಸತಿ 88,000. ಮೇಸ್ತ್ರಿಗಳ ಗೌರವಧನ ಮತ್ತು ಸಾಮಗ್ರಿ 60,000. ಉಳಿದದ್ದು ಸಂಕಲನ, ಬಣ್ಣ, ಧ್ವನಿಮಿಶ್ರಣ, ಉಪಶೀರ್ಷಿಕೆ, ಸೆನ್ಸಾರ್ ಪ್ರಮಾಣಪತ್ರದ ಶುಲ್ಕಗಳಿಗೆ. ಸಹಾಯಧನ ಬಂದದ್ದು 2,50,000, ಅದೂ ಎರಡು ಕಂತಿನಲ್ಲಿ. ಎರಡನೆಯ ಕಂತಿಗೆ ಲೆಕ್ಕಪರಿಶೋಧಕರು ಸಹಿ ಮಾಡಿದ ಬಳಕೆ ಪತ್ರ ಬೇಕು. ಚಿಪ್ಪಿನ ಸುಣ್ಣ ಮಾರುವವರ ಬಳಿ ಬಿಲ್ಲು ಎಲ್ಲಿಂದ ಬರಬೇಕು? ಕೈಬರಹದ ರಸೀದಿ ಪುಸ್ತಕವೊಂದನ್ನು ಮೊದಲ ದಿನದಿಂದಲೇ ಇಟ್ಟುಕೊಳ್ಳಿ, 5,000 ರೂಪಾಯಿ ಮೀರಿದ ಪಾವತಿಗೆ ಒಂದು ರೂಪಾಯಿಯ ರೆವಿನ್ಯೂ ಸ್ಟಾಂಪು ಹಚ್ಚಿ ಸಹಿ ಪಡೆಯಿರಿ. ಉಳಿತಾಯ ಖಾತೆಯಲ್ಲಿದ್ದ ನನ್ನ ಹಣ ಎಷ್ಟು ಹೋಯಿತೆಂದು ಅಕ್ಕನಿಗೆ ಇನ್ನೂ ಹೇಳಿಲ್ಲ.

46 ಗಂಟೆಗಳ ದೃಶ್ಯವನ್ನು ಒಂದು ಗಂಟೆಯೊಳಗೆ ತರಲು ಐದು ತಿಂಗಳು ಬೇಕಾಯಿತು. ಬರೆಯುವವರು ಚಿತ್ರ ಮಾಡುವಾಗ ಬರುವ ರೋಗವೊಂದಿದೆ: ಪ್ರತಿ ದೃಶ್ಯದ ಮೇಲೂ ಹಿನ್ನೆಲೆ ಮಾತು ಹೊದಿಸುವುದು. ಮೊದಲ ಕರಡಿನಲ್ಲಿ ನನ್ನ ಮಾತೇ 31 ನಿಮಿಷವಿತ್ತು, ಕೊನೆಗೆ ಉಳಿದದ್ದು ನಾಲ್ಕು. ಸುಣ್ಣ ಕುಟ್ಟುವ ಆರು ನಿಮಿಷಕ್ಕೆ ನಾನು ಬರೆದಿದ್ದ ಚಂದದ ಪ್ಯಾರಾವನ್ನು ತೆಗೆದ ಸಂಕಲನಕಾರ್ತಿಯ ಜೊತೆ ಒಂದು ವಾರ ಮಾತು ಬಿಟ್ಟಿದ್ದೆ. ಅವಳು ಮಾಡಿದ್ದೇ ಸರಿ. ಬಣ್ಣ ಹೊಂದಿಸುವ ಕೆಲಸಕ್ಕೆ ಬೆಂಗಳೂರಿಗೆ ಹೋಗುವಾಗ ಆ ಗಾರೆಯ ತುಂಡನ್ನು ಮೇಸ್ತ್ರಿಗಳಿಂದ ಕೇಳಿ ಒಯ್ದಿದ್ದೆ. ಪರದೆಯಲ್ಲಿ ಕಾವಿ ಮೊದಲು ಇಟ್ಟಿಗೆಯ ಬಣ್ಣವಾಯಿತು, ಆಮೇಲೆ ಕುಂಕುಮವಾಯಿತು. ತುಂಡನ್ನು ಪರದೆಯ ಪಕ್ಕದಲ್ಲಿಟ್ಟು ಮೂರು ದಿನ ಹೊಂದಿಸಿದ ಮೇಲೆ, ಒಣಗಿದ ಅಡಿಕೆ ಚೊಗರಿಗೆ ಹತ್ತಿರದ ಆ ಮಂದ ಕೆಂಪು ಬಂತು. ಮೂಲ ವಸ್ತುವನ್ನು ಜೊತೆಗೊಯ್ಯದೆ ಕಲಾವಿದರ ಚಿತ್ರದ ಬಣ್ಣ ಹೊಂದಿಸಲು ಯಾರೂ ಕೂರಬೇಡಿ.

2025ರ ಮೇ ತಿಂಗಳಲ್ಲಿ, ಪತ್ರದಲ್ಲಿ ಬರೆದುಕೊಟ್ಟಂತೆ, ಮೇಸ್ತ್ರಿಗಳ ಅಂಗಳದಲ್ಲಿ ಬಿಳಿ ಪಂಚೆ ಕಟ್ಟಿ ತೋರಿಸಿದೆವು. ಅವರು ಕೊನೆಯವರೆಗೆ ಸುಮ್ಮನಿದ್ದು, ಉಜ್ಜುವ ಕಲ್ಲು ಕೆಂಪಿಗೆ ಮೊದಲು ಬಂದಿದೆ, ಹಾಗೆ ಮಾಡಿದರೆ ಕೆಂಪು ಹಿಡಿಯುವುದಿಲ್ಲ ಎಂದರು. ಸಂಕಲನದ ಅಂದಕ್ಕೆಂದು ನಾವು ಎರಡು ದೃಶ್ಯಗಳ ಕ್ರಮ ಬದಲಿಸಿದ್ದೆವು. ನೋಡಿದವರಲ್ಲಿ ಬೇರೆ ಯಾರಿಗೂ ಅದು ತಿಳಿಯುತ್ತಿರಲಿಲ್ಲ. ಮುಂದೊಂದು ದಿನ ಈ ಚಿತ್ರವನ್ನು ನೋಡಿಯೇ ಯಾರಾದರೂ ಕಾವಿ ಕಲಿಯಲು ಹೊರಟರೆ ಅವರ ಗೋಡೆ ಉದುರುತ್ತಿತ್ತು. ಸರಿಪಡಿಸಿದೆವು. ಪ್ರಮಾಣಪತ್ರವಾದ ಮೇಲೆ ಇಂಥ ಬದಲಾವಣೆ ಮಾಡಿದರೆ ಅದನ್ನು ಮತ್ತೆ ಚಲನಚಿತ್ರ ಪ್ರಮಾಣೀಕರಣ ಮಂಡಳಿಗೆ (ಸೆನ್ಸಾರ್ ಮಂಡಳಿಗೆ) ತಿಳಿಸಿ ಅನುಮೋದನೆ ಪಡೆಯಬೇಕಾಗುತ್ತದೆ, ಆದ್ದರಿಂದ ಕಲಾವಿದರಿಗೆ ತೋರಿಸುವುದನ್ನು ಅದಕ್ಕೆ ಮೊದಲೇ ಇಟ್ಟುಕೊಳ್ಳಿ.

ಪ್ರಮಾಣಪತ್ರ ಎಲ್ಲರಿಗೂ ಬೇಕಿಲ್ಲ. ಅಂತರ್ಜಾಲದಲ್ಲಿ ಮಾತ್ರ ಹಾಕುವವರಿಗೆ ಬೇಡ, ಚಿತ್ರೋತ್ಸವಗಳಿಗೆ ವಿನಾಯಿತಿಯ ದಾರಿಯಿದೆ. ಚಿತ್ರಮಂದಿರದಲ್ಲಿ, ಸಭಾಭವನದಲ್ಲಿ ಸಾರ್ವಜನಿಕವಾಗಿ ತೋರಿಸುವುದಿದ್ದರೆ, ರಾಷ್ಟ್ರಪ್ರಶಸ್ತಿಗೆ ಕಳಿಸುವುದಿದ್ದರೆ ಬೇಕೇ ಬೇಕು. ಅರ್ಜಿ, ಚಿತ್ರ, ಶುಲ್ಕ ಎಲ್ಲವೂ ಇ-ಸಿನೆಪ್ರಮಾಣ್ ಜಾಲತಾಣದ ಮೂಲಕ. ನಮಗೆ ಹತ್ತಿರದ ಪ್ರಾದೇಶಿಕ ಕಚೇರಿ ಬೆಂಗಳೂರಿನದು. ಸಿನಿಮಾಟೋಗ್ರಾಫ್ ಕಾಯ್ದೆಯ 2023ರ ತಿದ್ದುಪಡಿಯ ನಂತರ ಪ್ರಮಾಣಪತ್ರಕ್ಕೆ ಹತ್ತು ವರ್ಷದ ಮಿತಿಯಿಲ್ಲ. ನಾನು ಗಮನಿಸದೆ ಹೋದದ್ದು ಮೇಸ್ತ್ರಿಗಳ ಕವಳವನ್ನು. ಅವರ ಹರಿವಾಣದಲ್ಲಿ ಎಲೆ, ಅಡಿಕೆ, ಸುಣ್ಣದ ಜೊತೆ ಹೊಗೆಸೊಪ್ಪೂ ಇತ್ತು. ತಂಬಾಕಿನ ಬಳಕೆ ಕಾಣುವ ಚಿತ್ರದಲ್ಲಿ ಆರಂಭಕ್ಕೊಮ್ಮೆ, ನಡುವಿಗೊಮ್ಮೆ ಕನಿಷ್ಠ 30 ಸೆಕೆಂಡಿನ ಆರೋಗ್ಯ ಸಂದೇಶ, ಆ ದೃಶ್ಯದುದ್ದಕ್ಕೂ ಪರದೆಯ ಕೆಳಗೆ ಎಚ್ಚರಿಕೆಯ ಸಾಲು ಇರಬೇಕು. ಕಂಟದ ಸದ್ದನ್ನು ಕೇಳಿಸಬೇಕೆಂದು ಮಾತನ್ನೇ ಕಿತ್ತುಹಾಕಿದ ಚಿತ್ರದ ನಡುವೆ ಶ್ವಾಸಕೋಶದ ಜಾಹೀರಾತು ಹೇಗೆ ಕೂರುತ್ತದೆ ಎಂದು ಯೋಚಿಸಿ, ಹೊಗೆಸೊಪ್ಪು ಕಾಣುವ ದೃಶ್ಯಗಳನ್ನೆಲ್ಲ ತೆಗೆದೆ. ಎಲೆಗೆ ಸುಣ್ಣ ಹಚ್ಚುತ್ತ “ಗೋಡೆಗೂ ಬಾಯಿಗೂ ಒಂದೇ ಸುಣ್ಣ” ಎಂದು ಅವರು ನಗುವ ತುಣುಕು ಉಳಿಯಿತು. ಅಂಗಳದ ದನವನ್ನು ತೋರಿಸುವ ದೃಶ್ಯವೂ ಹೋಯಿತು. ಪ್ರಾಣಿಗಳಿದ್ದರೆ ಪ್ರಾಣಿ ಕಲ್ಯಾಣ ಮಂಡಳಿಯ ನಿರಾಕ್ಷೇಪಣೆಯ ಪ್ರಶ್ನೆ ಬರುತ್ತದೆ, ಆ ಪತ್ರವ್ಯವಹಾರಕ್ಕೆ ನನ್ನಲ್ಲಿ ತ್ರಾಣ ಉಳಿದಿರಲಿಲ್ಲ. ಚಿತ್ರೀಕರಣಕ್ಕೆ ಮೊದಲೇ ಇವನ್ನೆಲ್ಲ ತಿಳಿದುಕೊಂಡಿದ್ದರೆ ಕ್ಯಾಮೆರಾವನ್ನು ಒಂದಡಿ ಪಕ್ಕಕ್ಕೆ ಇಡುತ್ತಿದ್ದೆವು.

ಎಲ್ಲರೂ ನೋಡಬಹುದೆಂಬ ‘ಯು’ ಪ್ರಮಾಣಪತ್ರ ಬಂದ ಮರುದಿನ ಸಿಹಿ ಹಿಡಿದುಕೊಂಡು, ದೇವಿಮನೆ ಘಟ್ಟ ಇಳಿದು ಮೇಸ್ತ್ರಿಗಳ ಮನೆಗೆ ಹೋದೆ. ಮಳೆ ಸುರಿಯುತ್ತಿತ್ತು. ಜಗುಲಿಯ ಗೋಡೆಯ ಕೆಂಪು ಒಂದು ಮಳೆಗಾಲದ ತೇವದಲ್ಲಿ ಸ್ವಲ್ಪ ಗಾಢವಾಗಿ, ಇನ್ನೂ ಚೆನ್ನಾಗಿ ಕಾಣುತ್ತಿತ್ತು. ಪ್ರಮಾಣಪತ್ರದ ಪ್ರತಿಯನ್ನು ಅವರ ಕೈಗಿಟ್ಟೆ. ಅವರು ಅದನ್ನು ಎರಡೂ ಕಡೆ ತಿರುವಿ ನೋಡಿ ಮಗನಿಗೆ ದಾಟಿಸಿ, “ನನ್ನ ತುಂಡು ಎಲ್ಲಿ?” ಎಂದು ಕೇಳಿದರು. ಪತ್ರಿಕೆಯಲ್ಲಿ ಸುತ್ತಿ ಚೀಲದ ತಳದಲ್ಲಿಟ್ಟಿದ್ದ ಗಾರೆಯನ್ನು ತೆಗೆದುಕೊಟ್ಟೆ. ಮೂಲೆಯೇನಾದರೂ ಮುಕ್ಕಾಗಿದೆಯೇ ಎಂದು ಹೆಬ್ಬೆರಳಿನಿಂದ ಅಂಚನ್ನೆಲ್ಲ ಸವರಿ ನೋಡಿ, ಕವಳದ ಹರಿವಾಣದ ಪಕ್ಕ ಕಿಟಕಿಯ ದಂಡೆಯ ಮೇಲಿಟ್ಟರು.